ಬ್ರ್ಯಾಕೆಟ್ಟಿನೊಳಗಿನ ಹೆಸರು: ಹಳೆಯ ಪಾಪ್ ಹಾಡುಗಳ ಹಕ್ಕುದಾರರಿಗೆ ಒಂದು ಬಹಿರಂಗ ಪತ್ರ

ಇವರಿಗೆ,
1940ರಿಂದ 1960ರ ದಶಕದವರೆಗಿನ ಅಮೆರಿಕದ ಬ್ಲೂಸ್, ರಾಕ್ ಆ್ಯಂಡ್ ರೋಲ್, ಪಾಪ್ ಹಾಡುಗಳ ಹಕ್ಕು ಹೊಂದಿರುವ ಮ್ಯೂಸಿಕ್ ಪಬ್ಲಿಷಿಂಗ್ ಕಂಪನಿಗಳ ಮುಖ್ಯಸ್ಥರಿಗೆ, ಹಾಗೂ ಆ ಹಾಡುಗಳನ್ನು ನಮ್ಮ ಫೋನುಗಳಿಗೆ ತಲುಪಿಸುವ ಸ್ಟ್ರೀಮಿಂಗ್ ಕಂಪನಿಗಳ ಭಾರತದ ಕಚೇರಿಗಳಿಗೆ

ವಿಷಯ: ಹಾಡು ಕಟ್ಟಿದವರ ಹೆಸರನ್ನು ಹಕ್ಕಿನ ಪಾಲುದಾರರ ಹೆಸರಿನಿಂದ ಬೇರ್ಪಡಿಸಿ ತೋರಿಸುವ ಬಗ್ಗೆ

ಮಾನ್ಯರೇ,

1950ರ ದಶಕದ ಒಂದು ರೆಕಾರ್ಡನ್ನು ಕೈಗೆತ್ತಿಕೊಂಡು ನಡುವಿನ ಕಾಗದದ ಲೇಬಲ್ ನೋಡಿ. ಹಾಡಿನ ಶೀರ್ಷಿಕೆ ಇರುತ್ತದೆ. ಹಾಡಿದವರ ಹೆಸರು ದಪ್ಪಕ್ಷರದಲ್ಲಿರುತ್ತದೆ. ಶೀರ್ಷಿಕೆಯ ಕೆಳಗೆ ಬ್ರ್ಯಾಕೆಟ್ಟಿನೊಳಗೆ, ಕಣ್ಣು ಕಿರಿದು ಮಾಡಿಕೊಂಡು ಓದಬೇಕಾದಷ್ಟು ಸಣ್ಣ ಅಕ್ಷರದಲ್ಲಿ, ಒಂದೋ ಎರಡೋ ಮೂರೋ ಹೆಸರುಗಳಿರುತ್ತವೆ. ಹಾಡನ್ನು ಬರೆದವರು, ರಾಗ ಕೂಡಿಸಿದವರು ಇವರು ಎಂಬ ಘೋಷಣೆ ಅದು. ನಮ್ಮ ತಕರಾರು ಇರುವುದು ಆ ಬ್ರ್ಯಾಕೆಟ್ಟಿನ ಬಗ್ಗೆ. ಅದರೊಳಗಿನ ಹೆಸರುಗಳಲ್ಲಿ ಕೆಲವು ಸುಳ್ಳು. ಸುಳ್ಳೆಂದು ಎಷ್ಟೋ ವರ್ಷಗಳಿಂದ ಗೊತ್ತಿರುವ ಹೆಸರುಗಳನ್ನೂ ನಿಮ್ಮ ಆ್ಯಪ್‌ಗಳು ಇಂದಿಗೂ ‘ರಚನೆ’ ಎಂಬ ತಲೆಬರಹದ ಕೆಳಗೆ ಹಾಗೆಯೇ ತೋರಿಸುತ್ತಿವೆ.

ಆ ಸಣ್ಣ ಅಕ್ಷರಕ್ಕೆ ಅಷ್ಟು ಬೆಲೆ ಯಾಕೆ ಬಂತು ಎನ್ನುವುದು ಗೊತ್ತಾಗದೆ ಈ ಅನ್ಯಾಯದ ಆಳ ಗೊತ್ತಾಗುವುದಿಲ್ಲ. ಅಮೆರಿಕದ ಕಾನೂನಿನಲ್ಲಿ ರೇಡಿಯೊದಲ್ಲಿ ಒಂದು ಹಾಡು ಪ್ರಸಾರವಾದರೆ ಹಾಡು ರಚಿಸಿದವರಿಗೂ ಪಬ್ಲಿಷರಿಗೂ ಹಣ ಸಲ್ಲುತ್ತದೆ. ಹಾಡಿದವರಿಗೆ, ವಾದ್ಯ ನುಡಿಸಿದವರಿಗೆ ಒಂದು ಕಾಸೂ ಇಲ್ಲ. ಎಎಂ, ಎಫ್‌ಎಂ ಕೇಂದ್ರಗಳ ಮಟ್ಟಿಗೆ ಇದು ಇವತ್ತಿಗೂ ಹಾಗೆಯೇ ಇದೆ. ಅಂದರೆ ಗಾಯಕರೊಬ್ಬರು ತಾವೇ ಕಟ್ಟಿದ ಹಾಡನ್ನು ಹಾಡಿ, ಅದು ದೇಶದ ಮೂಲೆ ಮೂಲೆಯಲ್ಲಿ ದಿನವಿಡೀ ಕೇಳಿಬಂದರೂ, ಅವರ ಪಾಲಿಗೆ ರೇಡಿಯೊ ಹಣ ಬರುವ ದಾರಿ ಬ್ರ್ಯಾಕೆಟ್ಟಿನೊಳಗಿನ ಹೆಸರೊಂದೇ. ಅಲ್ಲಿಗೆ ಇನ್ನೊಬ್ಬರು ಬಂದು ಸೇರಿದರೆ ಆ ಹಣದಲ್ಲಿ ಪಾಲು ಹೋಯಿತು. ಹೆಸರೇ ಬಿಟ್ಟುಹೋದರೆ ಪೂರ್ತಿ ಹೋಯಿತು.

ರೆಕಾರ್ಡ್ ಮಾರಾಟದಿಂದ ಬರುವ ಹಣದ ಲೆಕ್ಕವನ್ನೂ ನೋಡಿ. 1909ರ ಕಾಪಿರೈಟ್ ಕಾಯ್ದೆ ಪಿಯಾನೊ ರೋಲ್‌ಗಳ, ಅಂದರೆ ಯಂತ್ರದ ಪಿಯಾನೊ ನುಡಿಸುವ ತೂತು ಕೊರೆದ ಕಾಗದದ ಸುರುಳಿಗಳ, ಕಾಲದಲ್ಲಿ ಬಂದದ್ದು. ಯಂತ್ರದ ಮೂಲಕ ಮರುನುಡಿಸುವ ಪ್ರತಿಯೊಂದು ಪ್ರತಿಗೆ, ಪ್ರತಿ ಹಾಡಿಗೆ 2 ಸೆಂಟ್ ಎಂದು ಅದು ನಿಗದಿ ಮಾಡಿತು. 1978ರ ಜನವರಿ 1ರಂದು ಹೊಸ ಕಾಯ್ದೆ ಜಾರಿಯಾಗುವವರೆಗೆ, ಅಂದರೆ ಸುಮಾರು ಏಳು ದಶಕ, ಆ 2 ಸೆಂಟ್ ಏರಲೇ ಇಲ್ಲ. ಹತ್ತು ಲಕ್ಷ ಪ್ರತಿ ಮಾರಾಟವಾದರೆ 20,000 ಡಾಲರ್. ವಾಡಿಕೆಯಂತೆ ಅರ್ಧ ಪಬ್ಲಿಷರಿಗೆ, ಇನ್ನರ್ಧ ರಚಿಸಿದವರಿಗೆ. ಒಬ್ಬರೇ ರಚಿಸಿದ್ದರೆ 10,000. ಸಂಬಂಧವಿಲ್ಲದ ಇನ್ನಿಬ್ಬರ ಹೆಸರು ಸೇರಿಸಿದರೆ ಅದು 3,333ಕ್ಕೆ ಇಳಿಯುತ್ತದೆ. ಆ ಕಾಲದ ಅನೇಕ ಸಣ್ಣ ರೆಕಾರ್ಡ್ ಕಂಪನಿಗಳು ಪಬ್ಲಿಷಿಂಗ್ ಕಂಪನಿಯನ್ನೂ ತಾವೇ ಇಟ್ಟುಕೊಂಡಿದ್ದವು. ಮಾಲೀಕರೇ ಸಹರಚನೆಕಾರರೆಂದು ಹೆಸರು ಹಾಕಿಸಿಕೊಂಡರೆ ಪಬ್ಲಿಷರ್ ಪಾಲಿನ 10,000, ರಚನೆಯ ಪಾಲಿನಲ್ಲಿ 5,000, ಒಟ್ಟು 20,000ದಲ್ಲಿ 15,000 ಕಂಪನಿಯ ಮನೆಗೇ ವಾಪಸ್. ಇದು ಕಾಗದದ ಮೇಲಿನ ಲೆಕ್ಕ. ಮುಂಗಡ, ಸ್ಟುಡಿಯೊ ಖರ್ಚು, ವಾಪಸ್ ಬಂದ ಪ್ರತಿ, ಪುಕ್ಕಟೆ ಹಂಚಿದ ಪ್ರತಿ ಎಂದು ಕಡಿತ ಮಾಡಿಕೊಂಡ ಮೇಲೆ ಕಲಾವಿದರ ಕೈಗೆ ಬರುತ್ತಿದ್ದುದು ಇನ್ನೂ ಕಡಿಮೆ.

ಇಷ್ಟು ಸುಲಭವಾಗಿ ಹೆಸರು ಸೇರಿಸಲು, ತೆಗೆಯಲು ಆಗುತ್ತಿದ್ದುದು ಹೇಗೆ ಎಂದು ಹೊಸ ಓದುಗರು ಕೇಳಬಹುದು. ಉತ್ತರ ನೋಂದಣಿಯ ಕ್ರಮದಲ್ಲೇ ಇದೆ. 1978ಕ್ಕೆ ಮುಂಚೆ ಹಾಡೊಂದನ್ನು ವಾಷಿಂಗ್ಟನ್ನಿನ ಕಾಪಿರೈಟ್ ಕಚೇರಿಯಲ್ಲಿ ನೋಂದಾಯಿಸಬೇಕಾದರೆ ರೆಕಾರ್ಡನ್ನು ಕಳಿಸಿದರೆ ಸಾಲುತ್ತಿರಲಿಲ್ಲ. 1908ರಲ್ಲಿ ಅಲ್ಲಿನ ಸುಪ್ರೀಂ ಕೋರ್ಟು, ಕಣ್ಣಿನಿಂದ ಓದಲಾಗದ ಪಿಯಾನೊ ರೋಲ್ ಹಾಡಿನ ‘ಪ್ರತಿ’ ಅಲ್ಲ ಎಂದು ತೀರ್ಪು ಕೊಟ್ಟಿತ್ತು. ಆ ಆಲೋಚನೆಯೇ ಮುಂದುವರಿದು, ಹಾಡನ್ನು ಪಾಶ್ಚಾತ್ಯ ಸ್ವರಲಿಪಿಯಲ್ಲಿ ಬರೆದು ಕೊಡಬೇಕಾಗಿತ್ತು. ಸಾಮಾನ್ಯವಾಗಿ ಒಂದು ಪುಟದ ಲೀಡ್ ಶೀಟ್: ಮೇಲೆ ಸ್ವರದ ಗೆರೆ, ಅದರ ಮೇಲೆ ಕಾರ್ಡ್‌ಗಳ (ಒಟ್ಟಿಗೆ ನುಡಿಸುವ ಸ್ವರಗುಚ್ಛಗಳ) ಹೆಸರು, ಕೆಳಗೆ ಸಾಹಿತ್ಯ. ಜೊತೆಗೆ ಸಂಗೀತ ರಚನೆಗಳಿಗೆ ಮೀಸಲಾದ ‘ಇ’ ವರ್ಗದ ಅರ್ಜಿ ಮತ್ತು ಶುಲ್ಕ, 1950ರ ದಶಕದಲ್ಲಿ 4 ಡಾಲರ್.

ಗಿಟಾರ್ ಹಿಡಿದು ಬೀದಿಯಲ್ಲಿ, ಚರ್ಚಿನಲ್ಲಿ, ಶಾಲೆಯ ಮೆಟ್ಟಿಲ ಮೇಲೆ ಹಾಡು ಕಲಿತ ಬಹುಪಾಲು ಕಪ್ಪು ಕಲಾವಿದರಿಗೆ ಸ್ವರಲಿಪಿ ಬರೆಯಲು ಬರುತ್ತಿರಲಿಲ್ಲ. ಕಂಪನಿ ಗೊತ್ತುಮಾಡಿದ ಯಾರೋ ರೆಕಾರ್ಡ್ ಕೇಳಿ ಲೀಡ್ ಶೀಟ್ ಇಳಿಸುತ್ತಿದ್ದರು. ಅರ್ಜಿಯ ‘ರಚನೆಕಾರ’ ಎಂಬ ಜಾಗ ತುಂಬುತ್ತಿದ್ದುದೂ ಕಂಪನಿಯ ಕಚೇರಿಯಲ್ಲೇ. ಬರೆದದ್ದು ನಿಜವೇ ಎಂದು ಸರ್ಕಾರಿ ಕಚೇರಿ ವಿಚಾರಿಸುತ್ತಿರಲಿಲ್ಲ. ಬಂದ ಹೆಸರನ್ನು ದಾಖಲಿಸಿಕೊಳ್ಳುವುದಷ್ಟೇ ಅದರ ಕೆಲಸ. ಹಾಡು ಕಟ್ಟಿದವರು ಆ ಅರ್ಜಿಯನ್ನು ಕಣ್ಣಿನಿಂದ ನೋಡದೆಯೇ ಎಲ್ಲ ಮುಗಿದುಹೋಗುವ ವ್ಯವಸ್ಥೆ ಅದು. ಲೀಡ್ ಶೀಟಿನಲ್ಲಿ ಇಳಿಯದೆ ಹೋದದ್ದೂ ಬಹಳ. ಸ್ವರಕ್ಕೂ ಸ್ವರಕ್ಕೂ ನಡುವೆ ಜಾರುವ ಬ್ಲೂಸ್ ಸ್ವರ, ತಾಳಕ್ಕಿಂತ ಒಂದು ಎಳೆ ಹಿಂದೆ ನಿಲ್ಲುವ ನಡೆ, ಹಿಮ್ಮೇಳದವರ ‘ಡೂ-ವಾಪ್’ ಹೆಣಿಗೆ ಇವೇ ಹಾಡಿನ ಜೀವಾಳವಾಗಿದ್ದರೂ ಆ ಒಂದು ಪುಟದಲ್ಲಿ ಅವಕ್ಕೆ ಜಾಗವಿರಲಿಲ್ಲ. ಪುಟದಲ್ಲಿಲ್ಲದ್ದು ಕಾನೂನಿನ ಕಣ್ಣಿಗೆ ‘ರಚನೆ’ಯೂ ಆಗಲಿಲ್ಲ.

ಇದರ ಫಲ ನಿಮ್ಮ ಕ್ಯಾಟಲಾಗ್‌ಗಳಲ್ಲೇ ಇದೆ. ಲಾಸ್ ಏಂಜಲಿಸ್‌ನ ಮಾಡರ್ನ್ ರೆಕಾರ್ಡ್ ಕಂಪನಿ ಮತ್ತು ಅದರ ಸಹೋದರ ಲೇಬಲ್‌ಗಳಲ್ಲಿ (ರೆಕಾರ್ಡ್ ಬ್ರ್ಯಾಂಡ್‌ಗಳಲ್ಲಿ) ಬಂದ ಬ್ಲೂಸ್ ಗಾಯಕ ಬಿ.ಬಿ. ಕಿಂಗ್ ಅವರ ಆರಂಭದ ರೆಕಾರ್ಡ್‌ಗಳ ಮೇಲೆ ‘ಟಾಬ್’, ‘ಜೋಸಿಯಾ’, ‘ಲಿಂಗ್’ ಎಂಬ ಸಹರಚನೆಕಾರರಿದ್ದಾರೆ. ಈ ಹೆಸರಿನ ಸಂಗೀತಗಾರರು ಯಾರೂ ಇರಲಿಲ್ಲ. ಕಂಪನಿಯ ಮಾಲೀಕರಾದ, ಬಿಹಾರಿ ಎಂಬ ಕುಟುಂಬನಾಮದ ಸಹೋದರರು ಇಟ್ಟುಕೊಂಡಿದ್ದ ಗುಪ್ತನಾಮಗಳು ಅವು. ಹ್ಯೂಸ್ಟನ್ನಿನ ಡ್ಯೂಕ್ ಮತ್ತು ಪೀಕಾಕ್ ಲೇಬಲ್‌ಗಳ ಮಾಲೀಕ ಡಾನ್ ರೋಬಿ ‘ಡೆಡ್ರಿಕ್ ಮಲೋನ್’ ಎಂಬ ಹೆಸರಿನಲ್ಲಿ ಹಾಡುಗಳನ್ನು ತಮ್ಮದಾಗಿಸಿಕೊಂಡರು. 1955ರಲ್ಲಿ ಚೆಸ್ ರೆಕಾರ್ಡ್ ಕಂಪನಿ ಹೊರತಂದ, ರಾಕ್ ಆ್ಯಂಡ್ ರೋಲ್ ಗಾಯಕ ಚಕ್ ಬೆರಿಯ ‘ಮೇಬಲೀನ್’ ಹಾಡಿಗೆ ಅಲನ್ ಫ್ರೀಡ್, ರಸ್ ಫ್ರಾಟೊ ಎಂಬ ಇನ್ನಿಬ್ಬರು ಸಹರಚನೆಕಾರರಾದರು. ಫ್ರೀಡ್ ಆ ಕಾಲದ ಅತಿ ಪ್ರಭಾವಿ ಡಿಸ್ಕ್ ಜಾಕಿ, ಅಂದರೆ ರೇಡಿಯೊದಲ್ಲಿ ರೆಕಾರ್ಡ್ ಆರಿಸಿ ಹಾಕುವ ನಿರೂಪಕ. ಅವರು ಆ ಹಾಡನ್ನು ಪ್ರಸಾರ ಮಾಡಿದಾಗಲೆಲ್ಲ ರಚನೆಕಾರರ ಪಾಲಿನಲ್ಲಿ ಒಂದು ಭಾಗ ಅವರ ಲೆಕ್ಕಕ್ಕೂ ಜಮೆಯಾಗುತ್ತಿತ್ತು. ಕೈಯಲ್ಲಿ ಕೊಡುವ ಲಂಚ ಒಂದು ಸಲಕ್ಕೆ ಮುಗಿಯುತ್ತದೆ. ಬ್ರ್ಯಾಕೆಟ್ಟಿನಲ್ಲಿ ಕೊಟ್ಟದ್ದು ದಶಕಗಳವರೆಗೆ ಹರಿಯುತ್ತದೆ. ಆ ಹಾಡು ಮತ್ತೆ ಪೂರ್ತಿ ತಮ್ಮ ಹೆಸರಿಗೆ ಬರಲು ಬೆರಿ 1986ರವರೆಗೆ ಕಾಯಬೇಕಾಯಿತು.

ಎಲ್ಲ ಮಾಲೀಕರ ಹೆಸರೂ ಸುಳ್ಳು ಎಂದು ನಾವು ಹೇಳುತ್ತಿಲ್ಲ. ಅಟ್ಲಾಂಟಿಕ್ ಕಂಪನಿಯ ಅಹ್ಮೆತ್ ಎರ್ಟೆಗನ್ ತಮ್ಮ ಹೆಸರನ್ನೇ ತಿರುಗುಮುರುಗು ಮಾಡಿ ‘ನ್ಯುಗೆಟ್ರಿ’ ಎಂದು ಬರೆದುಕೊಳ್ಳುತ್ತಿದ್ದರು, ಆದರೆ ಅವರು ನಿಜವಾಗಿಯೂ ಹಾಡು ಬರೆದವರು. ಆದ್ದರಿಂದಲೇ ಒಂದೊಂದು ಹಾಡನ್ನೂ ಬಿಡಿಯಾಗಿ ಪರಿಶೀಲಿಸಿ ಎಂದು ಕೇಳುತ್ತಿದ್ದೇವೆ.

ಈಗ ಒಂದು ಹಾಡನ್ನು ಹತ್ತಿರದಿಂದ ನೋಡೋಣ. 1956ರ ಆರಂಭದಲ್ಲಿ ನ್ಯೂಯಾರ್ಕಿನ ಜೀ ಲೇಬಲ್ಲಿನಲ್ಲಿ ‘ವೈ ಡು ಫೂಲ್ಸ್ ಫಾಲ್ ಇನ್ ಲವ್’ ಬಿಡುಗಡೆಯಾಯಿತು. ಹಾಡಿದವರು ಫ್ರ್ಯಾಂಕಿ ಲೈಮನ್ ಮತ್ತು ಟೀನೇಜರ್ಸ್ ಎಂಬ ಐವರು ಹುಡುಗರ ತಂಡ. ಮುಂದೆ ನಿಂತು ಹಾಡಿದ ಲೈಮನ್‌ಗೆ ಆಗ 13 ವರ್ಷ. ತಂಡದಲ್ಲಿ ಹರ್ಮನ್ ಸ್ಯಾಂಟಿಯಾಗೊ, ಜಿಮ್ಮಿ ಮರ್ಚೆಂಟ್ ಎಂಬ ಇನ್ನಿಬ್ಬರು ಹದಿಹರೆಯದವರೂ ಇದ್ದರು. ಹಾಡು ಅಮೆರಿಕದಲ್ಲಿ ಮೊದಲ ಹತ್ತರೊಳಗೆ ಬಂತು, ಬ್ರಿಟನ್ನಿನಲ್ಲಿ ಮೊದಲ ಸ್ಥಾನಕ್ಕೇರಿತು. ಆರಂಭದ ಪ್ರತಿಗಳ ಮೇಲೆ ಲೈಮನ್ ಜೊತೆ ಸ್ಯಾಂಟಿಯಾಗೊ ಹೆಸರೂ ಇತ್ತು. ಮುಂದಿನ ಮುದ್ರಣಗಳಲ್ಲಿ ಅದು ಮಾಯವಾಗಿ ಲೈಮನ್ ಮತ್ತು ಜಾರ್ಜ್ ಗೋಲ್ಡ್‌ನರ್ ಎಂದಾಯಿತು. ಗೋಲ್ಡ್‌ನರ್ ಕಂಪನಿಯ ಮಾಲೀಕರು. ಅವರು ತಮ್ಮ ಕಂಪನಿಗಳನ್ನು ಮಾರಿಸ್ ಲೆವಿ ಎಂಬ ರೆಕಾರ್ಡ್ ಉದ್ಯಮಿಗೆ ಮಾರಿದರು. ಅದಾದ ಮೇಲೆ ಗೋಲ್ಡ್‌ನರ್ ಹೆಸರಿದ್ದ ಜಾಗದಲ್ಲಿ ಲೆವಿಯ ಹೆಸರು ಕಾಣಿಸಿಕೊಂಡಿತು.

ಇದನ್ನು ಇನ್ನೊಮ್ಮೆ ಓದಿ ಎಂದು ಕೈಮುಗಿದು ಕೇಳುತ್ತೇವೆ. ಕಂಪನಿ ಕೈ ಬದಲಾದಾಗ ಹಕ್ಕು ಕೈ ಬದಲಾಗುತ್ತದೆ, ಅದು ಸರಿ. ಆದರೆ 1956ರಲ್ಲಿ ಹಾಡು ಕಟ್ಟಿದವರು ಯಾರೆಂಬ ಸಂಗತಿ ಮಾರಾಟ ಪತ್ರದ ಜೊತೆ ಬದಲಾಗಲು ಹೇಗೆ ಸಾಧ್ಯ? ಮನೆ ಮಾರಿದರೆ ಖಾತೆ ಬದಲಾಗುತ್ತದೆ. ಮನೆ ಕಟ್ಟಿದ ಮೇಸ್ತ್ರಿ ಬದಲಾಗುವುದಿಲ್ಲ.

ಲೈಮನ್ 1968ರಲ್ಲಿ, 25ನೆಯ ವಯಸ್ಸಿನಲ್ಲಿ ತೀರಿಕೊಂಡರು. 1981ರಲ್ಲಿ ಗಾಯಕಿ ಡಯಾನಾ ರಾಸ್ ಅದೇ ಹಾಡನ್ನು ಮತ್ತೆ ಹಾಡಿ ಅದು ಗೆದ್ದಾಗ ಹಳೆಯ ಹಾಡಿಗೆ ಹೊಸ ಹಣ ಬರತೊಡಗಿತು. ಸ್ಯಾಂಟಿಯಾಗೊ ಮತ್ತು ಮರ್ಚೆಂಟ್ 1987ರಲ್ಲಿ ನ್ಯಾಯಾಲಯಕ್ಕೆ ಹೋದರು. 1992ರಲ್ಲಿ ಜ್ಯೂರಿ (ಸಾಕ್ಷ್ಯ ಕೇಳಿ ತೀರ್ಮಾನಿಸುವ ನಾಗರಿಕರ ಮಂಡಳಿ) ಅವರಿಬ್ಬರೂ ಹಾಡಿನ ಸಹರಚನೆಕಾರರೆಂದು ಹೇಳಿತು. 1996ರಲ್ಲಿ ಮೇಲ್ಮನವಿ ನ್ಯಾಯಾಲಯ ಆ ತೀರ್ಪನ್ನು ರದ್ದುಪಡಿಸಿತು. ಕಾರಣ ಇಷ್ಟೇ: ಕಾಪಿರೈಟ್ ದಾವೆ ಹೂಡಲು ಕಾನೂನು ಕೊಡುವ ಕಾಲಾವಕಾಶ ಮೂರು ವರ್ಷ, ಅದು ಎಂದೋ ಮೀರಿಹೋಗಿತ್ತು. ನ್ಯಾಯಾಲಯ ‘ತಡವಾಯಿತು’ ಎಂದಿತು. ‘ನೀವು ಬರೆದಿಲ್ಲ’ ಎನ್ನಲಿಲ್ಲ. ಹೀಗಾಗಿ ಹಾಡಿನ ಅಧಿಕೃತ ದಾಖಲೆಯಲ್ಲಿ ಲೈಮನ್ ಮತ್ತು ಲೆವಿಯ ಹೆಸರೇ ಉಳಿಯಿತು.

ನಮ್ಮ ಪತ್ರದ ತಿರುಳು ಇಲ್ಲಿದೆ. ಕಾಲಮಿತಿ ಕಾನೂನು ಹಣದ ಬಾಗಿಲನ್ನು ಮುಚ್ಚಬಹುದು. ಹೆಸರಿನ ಬಾಗಿಲನ್ನು ಮುಚ್ಚಿರುವುದು ಯಾವ ಕಾನೂನೂ ಅಲ್ಲ, ನಿಮ್ಮ ಅಭ್ಯಾಸ. ‘ಹಕ್ಕಿನಲ್ಲಿ ಪಾಲು ಯಾರಿಗಿದೆ’ ಎಂಬ ಪಟ್ಟಿಯನ್ನೇ ತೆಗೆದು ‘ಹಾಡು ಯಾರು ಕಟ್ಟಿದರು’ ಎಂಬ ಜಾಗದಲ್ಲಿ ಅಂಟಿಸುತ್ತಿದ್ದೀರಿ. ಇವು ಎರಡು ಬೇರೆ ಪ್ರಶ್ನೆಗಳು. ಮೊದಲನೆಯದಕ್ಕೆ ಕರಾರು ಪತ್ರ ಉತ್ತರ ಕೊಡುತ್ತದೆ. ಎರಡನೆಯದಕ್ಕೆ ಉತ್ತರ ಚರಿತ್ರೆಯಲ್ಲಿದೆ.

ಒಮ್ಮೆ ತಪ್ಪು ಹೆಸರು ಕೂತರೆ ಅದರ ನಷ್ಟ ಒಂದು ತಲೆಮಾರಿಗೆ ನಿಲ್ಲುವುದಿಲ್ಲ. 1909ರ ಕಾಯ್ದೆಯಲ್ಲಿ ಮೊದಲ ಅವಧಿ 28 ವರ್ಷ ಇತ್ತು. ಅದು ಮುಗಿದಾಗ ನವೀಕರಣದ ಹಕ್ಕು ರಚನೆಕಾರರಿಗೆ, ಅವರಿಲ್ಲದಿದ್ದರೆ ಹೆಂಡತಿ ಮಕ್ಕಳಿಗೆ ಬರುತ್ತಿತ್ತು. ಅಗ್ಗಕ್ಕೆ ಮಾರಿಕೊಂಡವರಿಗೆ ಇನ್ನೊಂದು ಅವಕಾಶ ಸಿಗಲೆಂದೇ ಇಟ್ಟ ಏರ್ಪಾಡು ಅದು. 56 ವರ್ಷ ತುಂಬಿದ ಮೇಲೆ ಐದು ವರ್ಷಗಳ ಒಂದು ಕಿಟಕಿ ತೆರೆಯುತ್ತದೆ. ಕನಿಷ್ಠ ಎರಡು ವರ್ಷ ಮುಂಚಿತವಾಗಿ ನೋಟಿಸ್ ಕೊಟ್ಟು ಹಳೆಯ ಕರಾರನ್ನು ಕೊನೆಗೊಳಿಸಿ ಹಕ್ಕನ್ನು ಹಿಂದಕ್ಕೆ ಪಡೆಯಬಹುದು. 1956ರ ಹಾಡಿಗೆ ಆ ಕಿಟಕಿ 2012ರಲ್ಲಿ ತೆರೆದು 2017ಕ್ಕೆ ಮುಚ್ಚಿತು. ದಾಖಲೆಯಲ್ಲಿ ಹೆಸರಿಲ್ಲದವರಿಗೆ ಎರಡೂ ಅವಕಾಶ ಕೈಗೆಟುಕುವುದಿಲ್ಲ. ನವೀಕರಿಸಿದ ಹಾಡಿನ ರಕ್ಷಣೆ ಒಟ್ಟು 95 ವರ್ಷ. ಹದಿಹರೆಯದ ಹುಡುಗರು 1956ರಲ್ಲಿ ಹಾಡಿದ ಹಾಡು 2051ರ ಕೊನೆಯವರೆಗೆ ಹಣ ತರುತ್ತಲೇ ಇರುತ್ತದೆ.

ದಾಖಲೆಯಲ್ಲಿ ಹೆಸರಿದ್ದರೂ ಭದ್ರವಿಲ್ಲ ಎನ್ನುವುದಕ್ಕೆ ಬ್ಯಾರೆಟ್ ಸ್ಟ್ರಾಂಗ್ ಸಾಕ್ಷಿ. ಡೆಟ್ರಾಯಿಟ್‌ನ ಮೋಟೌನ್ ಕಂಪನಿಗೆ ಮೊದಲ ದೊಡ್ಡ ಯಶಸ್ಸು ತಂದ ‘ಮನಿ’ ಹಾಡನ್ನು ಹಾಡಿದವರು ಅವರು. 1959ರ ನೋಂದಣಿಯಲ್ಲಿ ಅವರ ಹೆಸರು ರಚನೆಕಾರರ ಸಾಲಿನಲ್ಲಿತ್ತು. ಮೂರು ವರ್ಷದ ನಂತರ ದಾಖಲೆ ತಿದ್ದಿ ಅದನ್ನು ತೆಗೆಯಲಾಯಿತು. 1987ರ ನವೀಕರಣದಲ್ಲಿ ಮತ್ತೆ ಬಂತು, ಮರುವರ್ಷ ಮತ್ತೆ ಹೊಡೆದುಹಾಕಲಾಯಿತು. ಮೊದಲು ಸೇರಿಸಿದ್ದೇ ಗುಮಾಸ್ತರ ತಪ್ಪು ಎಂಬುದು ಕಂಪನಿ ಕಡೆಯವರ ವಾದ. ತಾನೂ ಸೇರಿ ಕಟ್ಟಿದ ಹಾಡು ಎಂಬುದು ಸ್ಟ್ರಾಂಗ್ ಅವರ ಮಾತು. ಯಾರು ಸರಿ ಎಂದು ತೀರ್ಮಾನಿಸುವ ಅಧಿಕಾರ ನಮಗಿಲ್ಲ. ಆದರೆ ಒಂದಂತೂ ಸ್ಪಷ್ಟ: ಹೆಸರು ತೆಗೆದಾಗ ಆ ಹೆಸರಿನವರಿಗೆ ತಿಳಿಸಬೇಕೆಂಬ ನಿಯಮ ಇರಲಿಲ್ಲ. ದಾಖಲೆ ನೋಡಬೇಕಾದರೆ ವಾಷಿಂಗ್ಟನ್ನಿಗೆ ಹೋಗಿ ಹುಡುಕಬೇಕಿತ್ತು. ಗೊತ್ತಾಗುವ ಹೊತ್ತಿಗೆ ದಶಕಗಳು ಕಳೆದಿದ್ದವು. ಅವರು 2023ರಲ್ಲಿ ತೀರಿಕೊಂಡರು.

ಹೆಸರು ಸರಿಯಿದ್ದರೆ ಎಲ್ಲ ಸರಿಯಾಯಿತು ಎಂದೂ ಅಲ್ಲ. 1954ರ ಜುಲೈನಲ್ಲಿ ಮೆಂಫಿಸ್‌ನ ಸನ್ ಸ್ಟುಡಿಯೊದಲ್ಲಿ ಎಲ್ವಿಸ್ ಪ್ರೀಸ್ಲಿ ಹಾಡಿದ ಮೊದಲ ಬಿಡುಗಡೆಯ ಹಾಡು ಬ್ಲೂಸ್ ಗಾಯಕ ಆರ್ಥರ್ ಕ್ರುಡಪ್ ಅವರದ್ದು. ಕ್ರುಡಪ್ ಅದನ್ನು 1946ರಲ್ಲೇ ಧ್ವನಿಮುದ್ರಿಸಿದ್ದರು. ಎಲ್ವಿಸ್ ರೆಕಾರ್ಡಿನ ಬ್ರ್ಯಾಕೆಟ್ಟಿನಲ್ಲಿ ಕ್ರುಡಪ್ ಹೆಸರು ಸರಿಯಾಗಿಯೇ ಇತ್ತು. ಹಣ ಮಾತ್ರ ನಡುವಿನವರ ಕೈದಾಟಿ ಬರಲಿಲ್ಲ. ಕೂಲಿ ಮಾಡಿಕೊಂಡು ಬದುಕಿದ ಅವರು 1974ರಲ್ಲಿ ಕೊನೆಯುಸಿರೆಳೆದರು. ಹೆಸರು ಹಾಕಿದ್ದೇವಲ್ಲ ಎಂದು ಕೈತೊಳೆದುಕೊಳ್ಳುವ ಕಂಪನಿಗಳು ಈ ಒಂದು ಉದಾಹರಣೆಯನ್ನು ಮರೆಯಬಾರದು.

ಸರಿಪಡಿಸಲು ಸಾಧ್ಯ ಎನ್ನುವುದಕ್ಕೂ ಉದಾಹರಣೆ ಇದೆ. ದಕ್ಷಿಣ ಆಫ್ರಿಕಾದ ಸಾಲೊಮನ್ ಲಿಂಡಾ 1939ರಲ್ಲಿ ಜೊಹಾನ್ಸ್‌ಬರ್ಗ್‌ನ ಗ್ಯಾಲೊ ಸ್ಟುಡಿಯೊದಲ್ಲಿ ತಮ್ಮ ಈವ್ನಿಂಗ್ ಬರ್ಡ್ಸ್ ತಂಡದೊಂದಿಗೆ ‘ಮ್‌ಬೂಬೆ’ ಹಾಡಿದರು. ಜುಲು ಭಾಷೆಯಲ್ಲಿ ‘ಸಿಂಹ’ ಎಂದರ್ಥ. ಹಕ್ಕು ಬಿಟ್ಟುಕೊಟ್ಟದ್ದಕ್ಕೆ ಸಿಕ್ಕಿದ್ದು 10 ಶಿಲಿಂಗ್. ಅಮೆರಿಕದ ಜನಪದ ಗಾಯಕರು ಅದನ್ನು ತಪ್ಪಾಗಿ ಕೇಳಿಸಿಕೊಂಡು ‘ವಿಮೊವೆ’ ಎಂದು ಹಾಡಿದರು. ‘ಪಾಲ್ ಕ್ಯಾಂಪ್‌ಬೆಲ್’ ಎಂಬ, ಎಲ್ಲಿಯೂ ಇಲ್ಲದ ವ್ಯಕ್ತಿಯ ಹೆಸರು ರಚನೆಕಾರರ ಜಾಗದಲ್ಲಿ ಬಂತು. 1961ರಲ್ಲಿ ಇಂಗ್ಲಿಷ್ ಸಾಹಿತ್ಯ ಸೇರಿ, ‘ದಿ ಲಯನ್ ಸ್ಲೀಪ್ಸ್ ಟುನೈಟ್’ ಎಂದು ಅಮೆರಿಕದ ಪಟ್ಟಿಯಲ್ಲಿ ಮೊದಲ ಸ್ಥಾನಕ್ಕೇರಿತು. ಎಲ್ಲರ ಬಾಯಲ್ಲೂ ಇರುವ ಆ ಹಾಡಿನ ಇಂಗ್ಲಿಷ್ ಸಾಲುಗಳು ಕೂತಿರುವುದು 1939ರ ಧ್ವನಿಮುದ್ರಣದ ಕೊನೆಗೆ ಲಿಂಡಾ ಅವರ ಬಾಯಿಂದ ಆ ಕ್ಷಣಕ್ಕೆ ಹೊಮ್ಮಿದ ರಾಗದ ಎಳೆಯ ಮೇಲೆ. 1962ರಲ್ಲಿ ಲಿಂಡಾ ಬಡತನದಲ್ಲಿ ತೀರಿಕೊಂಡರು. ಅವರ ಹೆಣ್ಣುಮಕ್ಕಳ ಪರವಾಗಿ 2004ರಲ್ಲಿ ದಾವೆ ಹೂಡಿದ ವಕೀಲರು ಹುಡುಕಿ ತೆಗೆದದ್ದು 1911ರ ಬ್ರಿಟಿಷ್ ಕಾಯ್ದೆಯ ಒಂದು ಅಂಶ. ರಚನೆಕಾರರು ತೀರಿಕೊಂಡ 25 ವರ್ಷದ ಮೇಲೆ, ಮಾರಿದ ಹಕ್ಕೂ ವಾರಸುದಾರರಿಗೆ ಮರಳುತ್ತದೆ ಎಂಬುದು ಅದು. 2006ರಲ್ಲಿ ರಾಜಿಯಾಯಿತು. ಹಳೆಯ ಬಾಕಿಗೆ ಪರಿಹಾರ, ಮುಂದಿನ ರಾಯಲ್ಟಿಯಲ್ಲಿ ಪಾಲು, ಜೊತೆಗೆ ಸಹರಚನೆಕಾರರೆಂಬ ಮಾನ್ಯತೆ ಸಿಕ್ಕಿತು. 67 ವರ್ಷದ ನಂತರ ಒಂದು ಬ್ರ್ಯಾಕೆಟ್ ಸರಿಯಾಯಿತು. ಅದಕ್ಕಾಗಿ ಆಕಾಶವೇನೂ ಕಳಚಿ ಬೀಳಲಿಲ್ಲ.

‘ಹಳೆಯ ಬ್ಲೂಸ್‌ನಲ್ಲಿ ಒಬ್ಬರ ಸಾಲು ಇನ್ನೊಬ್ಬರ ಹಾಡಿಗೆ ಹೋಗುವುದು ಮಾಮೂಲು, ಯಾರನ್ನು ರಚನೆಕಾರರು ಎನ್ನುವುದು’ ಎಂಬ ನಿಮ್ಮ ಉತ್ತರ ನಮಗೆ ಗೊತ್ತು. ಆ ಮಾತಿನಲ್ಲಿ ಸತ್ಯವಿದೆ. ಹನ್ನೆರಡು ಬಾರ್‌ಗಳ (ತಾಳದ ಆವರ್ತಗಳ) ಚೌಕಟ್ಟು ಎಲ್ಲರದ್ದು. ಕೆಲವು ಸಾಲುಗಳು ನಮ್ಮ ಬೀಸುವ ಪದಗಳಂತೆ ಬಾಯಿಂದ ಬಾಯಿಗೆ ಬಂದವು. ವಾದ್ಯಗಾರರ ಕೊಡುಗೆಯ ಪ್ರಶ್ನೆಯೂ ಸುಲಭದ್ದಲ್ಲ. ಚಕ್ ಬೆರಿಯ ಹಾಡುಗಳಲ್ಲಿ ತಮ್ಮ ಪಾಲೂ ಇದೆ ಎಂದು ಪಿಯಾನೊ ವಾದಕ ಜಾನಿ ಜಾನ್ಸನ್ 2000ದಲ್ಲಿ ದಾವೆ ಹೂಡಿದರು. ಅದೂ ‘ತಡವಾಯಿತು’ ಎಂದು 2002ರಲ್ಲಿ ವಜಾ ಆಯಿತು. ಅನ್ಯಾಯಕ್ಕೆ ಒಳಗಾದ ಬೆರಿಯ ವಿರುದ್ಧವೇ ಇನ್ನೊಬ್ಬರ ದೂರು ಇತ್ತು ಎನ್ನುವುದನ್ನು ನಾವು ಮುಚ್ಚಿಡುವುದಿಲ್ಲ. ಆದರೆ ಜನಪದದ ಅಸ್ಪಷ್ಟತೆ ಕಂಪನಿ ಮಾಲೀಕರ ಗುಪ್ತನಾಮಕ್ಕೆ ರಕ್ಷಣೆಯಾಗಲಾರದು. ಹಾಡು ಎಲ್ಲರದ್ದು ಎನ್ನುವುದಾದರೆ ಅದು ‘ಟಾಬ್’ ಅವರದ್ದಂತೂ ಅಲ್ಲ.

ಕನ್ನಡದಲ್ಲಿ ಯಾಕೆ ಬರೆಯುತ್ತಿದ್ದೀರಿ ಎಂದು ನೀವು ಕೇಳಬಹುದು. ಈ ಹಾಡುಗಳನ್ನು ಕರ್ನಾಟಕದಲ್ಲೂ ಕೇಳುತ್ತಾರೆ, ಚಂದಾ ಕಟ್ಟುತ್ತಾರೆ. ರಚನೆಕಾರರ ಹೆಸರು ಇಲ್ಲಿ ಸಣ್ಣ ಸಂಗತಿಯೂ ಅಲ್ಲ. ವಚನಕಾರರೂ ದಾಸರೂ ಅಂಕಿತವನ್ನು ರಚನೆಯ ಒಳಗೇ ಹೆಣೆದರು. ‘ಪುರಂದರ ವಿಠಲ’ ಎಂಬುದನ್ನು ಬಿಟ್ಟು ಹಾಡಿದರೆ ಪದವೇ ಮುಗಿಯುವುದಿಲ್ಲ. ಭಾವಗೀತೆ ಹಾಡುವವರು ಮೊದಲು ಕವಿಯ ಹೆಸರು, ಆಮೇಲೆ ರಾಗ ಸಂಯೋಜಕರ ಹೆಸರು ಹೇಳಿಯೇ ಶ್ರುತಿ ಹಿಡಿಯುತ್ತಾರೆ. ಈ ರೂಢಿಯಲ್ಲಿ ಬೆಳೆದ ಕಿವಿಗೆ ಸುಳ್ಳು ಹೆಸರು ಅಪಸ್ವರದಂತೆ ಚುಚ್ಚುತ್ತದೆ.

ಭಾರತದ ಕಚೇರಿಗಳಿಗೆ ಇನ್ನೊಂದು ಮಾತು. ನಮ್ಮ ಕಾಪಿರೈಟ್ ಕಾಯ್ದೆಯ 57ನೇ ಕಲಮಿನ ಪ್ರಕಾರ, ಹಕ್ಕು ಮಾರಿದ ಮೇಲೂ ‘ಈ ಕೃತಿ ನನ್ನದು’ ಎಂದು ಹೇಳಿಕೊಳ್ಳುವ ಅಧಿಕಾರ ರಚನೆಕಾರರಲ್ಲೇ ಉಳಿಯುತ್ತದೆ. 2012ರ ತಿದ್ದುಪಡಿಯ ನಂತರ ಅವರ ವಾರಸುದಾರರೂ ಅದನ್ನು ಚಲಾಯಿಸಬಹುದು. ಅಮೆರಿಕದ ಕಾನೂನು ಹಾಡು ಬರೆದವರಿಗೆ ಇಂಥ ನೈತಿಕ ಹಕ್ಕನ್ನು ಕೊಟ್ಟಿಲ್ಲ. ಹಾಗೆಂದು ನಮ್ಮ ಕಾಯ್ದೆಯೂ ಪೂರ್ಣವಲ್ಲ. ಧ್ವನಿಮುದ್ರಣದ ಮೇಲೆ ಏನೇನು ಮುದ್ರಿಸಬೇಕು ಎಂದು ಹೇಳುವ 52ಎ ಕಲಂ ತಯಾರಕರ ಹೆಸರು ವಿಳಾಸ, ಹಕ್ಕುದಾರರ ಹೆಸರು ವಿಳಾಸ, ಮೊದಲು ಪ್ರಕಟವಾದ ವರ್ಷ ಇಷ್ಟನ್ನು ಕೇಳುತ್ತದೆ. ಕವಿಯ ಹೆಸರನ್ನಾಗಲಿ ಸಂಯೋಜಕರ ಹೆಸರನ್ನಾಗಲಿ ಕೇಳುವುದೇ ಇಲ್ಲ. 57ರ ಆಶಯವನ್ನು ನೀವಾಗಿಯೇ ಪಾಲಿಸಿದರೆ ಯಾರೂ ತಡೆಯುವುದಿಲ್ಲ.

ತಾಂತ್ರಿಕವಾಗಿ ಇದು ಕಷ್ಟದ ಕೆಲಸವಲ್ಲ. ಧ್ವನಿಮುದ್ರಣಕ್ಕೆ ಐಎಸ್‌ಆರ್‌ಸಿ ಸಂಖ್ಯೆ, ರಚನೆಗೆ ಐಎಸ್‌ಡಬ್ಲ್ಯುಸಿ ಸಂಖ್ಯೆ ಎಂಬ ಎರಡು ಗುರುತುಗಳು ಈಗಾಗಲೇ ಇವೆ. ತೊಡಕಾಗುತ್ತಿರುವುದು ಇವೆರಡರ ಜೋಡಣೆಯಲ್ಲಿ. ಆ್ಯಪ್‌ನಲ್ಲಿ ಕಾಣುವ ರಚನೆಕಾರರ ಹೆಸರು ಸಾಮಾನ್ಯವಾಗಿ ರೆಕಾರ್ಡ್ ಕಂಪನಿ ಅಥವಾ ವಿತರಕರು ಟೈಪ್ ಮಾಡಿ ಕಳಿಸಿದ್ದು. ಯುರೋಪಿನಲ್ಲಿ 1963ಕ್ಕೆ ಮುಂಚಿನ ಧ್ವನಿಮುದ್ರಣಗಳ ರಕ್ಷಣೆಯ ಅವಧಿ ಮುಗಿದಿರುವುದರಿಂದ ಒಂದೇ ಹಳೆಯ ಹಾಡನ್ನು ಹತ್ತಾರು ಸಣ್ಣ ಲೇಬಲ್‌ಗಳು ಸಂಕಲನಗಳಲ್ಲಿ ಸೇರಿಸಿ ಕಳಿಸುತ್ತವೆ. ಒಂದರಲ್ಲಿ ಒಂದು ಹೆಸರು, ಇನ್ನೊಂದರಲ್ಲಿ ಬೇರೆ, ಮತ್ತೊಂದರಲ್ಲಿ ಗಾಯಕರ ಹೆಸರನ್ನೇ ರಚನೆಕಾರರ ಜಾಗದಲ್ಲಿ ತುಂಬಿರುತ್ತಾರೆ. ಒಮ್ಮೆ ಮೂಲ ಸರಿಯಾದರೆ ಐಎಸ್‌ಡಬ್ಲ್ಯುಸಿ ಮೂಲಕ ಎಲ್ಲ ಪ್ರತಿಗಳಿಗೂ ಅದೇ ಮಾಹಿತಿ ಹರಿಯುವಂತೆ ಮಾಡಬಹುದು.

ಮೂಲ ಸರಿಪಡಿಸಲು ಮೂರು ಕಡೆ ನೋಡಿ: ಮೊದಲ ಮುದ್ರಣದ ರೆಕಾರ್ಡ್ ಲೇಬಲ್, ಆ ವರ್ಷದ ಕಾಪಿರೈಟ್ ನೋಂದಣಿ ಪಟ್ಟಿ, 28 ವರ್ಷದ ನಂತರದ ನವೀಕರಣದ ದಾಖಲೆ. ಲೇಬಲ್‌ಗಳ ಚಿತ್ರ ಸಂಗ್ರಾಹಕರ ಬಳಿ ಹೇರಳವಾಗಿವೆ. ನೋಂದಣಿ ಪಟ್ಟಿಯ ಹಳೆಯ ಸಂಪುಟಗಳು ಡಿಜಿಟಲ್ ಆಗಿವೆ. 1978ರ ನಂತರದ ನವೀಕರಣಗಳನ್ನು ಅಂತರ್ಜಾಲದಲ್ಲೇ ಹುಡುಕಬಹುದು. ಅಂದರೆ 1950ರಿಂದೀಚಿನ ಹಾಡುಗಳ ಮಟ್ಟಿಗೆ ಇದು ಕುಳಿತಲ್ಲೇ ಆಗುವ ಕೆಲಸ. ಮೂರೂ ಕಡೆ ಹೆಸರುಗಳು ಒಂದೇ ಇದ್ದು, ಅದರಲ್ಲಿ ಕಂಪನಿಯ ಮಾಲೀಕರಾಗಲಿ ಡಿಸ್ಕ್ ಜಾಕಿಯಾಗಲಿ ಗುಪ್ತನಾಮವಾಗಲಿ ಇಲ್ಲದಿದ್ದರೆ ಮುಂದಿನ ಹಾಡಿಗೆ ಹೋಗಿ. ಹೆಸರು ಬದಲಾಗಿದ್ದರೆ ಅದಕ್ಕೊಂದು ಗುರುತು ಹಾಕಿ, ನಿಮ್ಮ ಕಪಾಟಿನ ಕರಾರು ಪತ್ರಗಳನ್ನು ತೆರೆದು ನೋಡಿ. ಆ ಪತ್ರಗಳು ಇರುವುದು ನಿಮ್ಮಲ್ಲಿ ಮಾತ್ರ.

ಆದ್ದರಿಂದ ನಮ್ಮ ಬೇಡಿಕೆ ಇಷ್ಟು. ಸ್ಟ್ರೀಮಿಂಗ್ ಕಂಪನಿಗಳು ‘ರಚನೆ’ ಎಂಬ ಒಂದೇ ಸಾಲಿನ ಬದಲು ಹಾಡು ಕಟ್ಟಿದವರು, ಹಕ್ಕಿನ ದಾಖಲೆಯಲ್ಲಿರುವವರು ಎಂದು ಎರಡು ಸಾಲು ತೋರಿಸಲಿ. ಎರಡೂ ಒಂದೇ ಆಗಿದ್ದರೆ ಒಂದೇ ಸಾಲು ಸಾಕು. ಗುಪ್ತನಾಮವಿದ್ದರೆ ಪಕ್ಕದಲ್ಲಿ ನಿಜನಾಮ ಬರಲಿ. ದಾಖಲೆಯಲ್ಲಿ ಹೆಸರು ಯಾವ ವರ್ಷ ಸೇರಿತು, ಯಾವ ವರ್ಷ ಬಿಟ್ಟುಹೋಯಿತು ಎಂಬುದು ಮುಟ್ಟಿದರೆ ತೆರೆದುಕೊಳ್ಳುವಂತಿರಲಿ. ವಿವಾದ ಬಗೆಹರಿಯದಿದ್ದರೆ ‘ವಿವಾದವಿದೆ’ ಎಂದೇ ಬರೆಯಿರಿ, ಅದೂ ಸತ್ಯವೇ. ಪಬ್ಲಿಷಿಂಗ್ ಕಂಪನಿಗಳು ತಮ್ಮ ಹಾಡುಗಳಲ್ಲಿ ಹೆಸರು ತೆಗೆಯುವಾಗ ಅಥವಾ ಸೇರಿಸುವಾಗ ಸಂಬಂಧಪಟ್ಟ ಎಲ್ಲರಿಗೂ, ಅವರಿಲ್ಲದಿದ್ದರೆ ವಾರಸುದಾರರಿಗೂ, ಲಿಖಿತವಾಗಿ ತಿಳಿಸುವ ನಿಯಮ ಮಾಡಿಕೊಳ್ಳಲಿ. ವಾರಸುದಾರರು ಬಂದು ಕೇಳಿದರೆ ಮೂಲ ಕರಾರಿನ ನಕಲು ಕೊಡಲಿ, ಅದಕ್ಕಾಗಿ ವಕೀಲರ ನೋಟಿಸ್ ಬರಲೆಂದು ಕಾಯಬೇಡಿ.

ಹಣದ ವಿಷಯದಲ್ಲೂ ಒಂದು ಕೋರಿಕೆ ಇದೆ. ಸಾಕ್ಷ್ಯ ಪರಿಶೀಲಿಸಿದ ಜ್ಯೂರಿಯೊಂದು ಒಬ್ಬರನ್ನು ರಚನೆಕಾರರೆಂದು ಹೇಳಿ, ಕಾಲಮಿತಿಯ ಕಾರಣಕ್ಕೆ ಮಾತ್ರ ಅವರು ಸೋತಿದ್ದರೆ, ಹಿಂದಿನ ಬಾಕಿಯನ್ನು ಬಿಟ್ಟರೂ ಇಂದಿನಿಂದ ಮುಂದಕ್ಕೆ ಬರುವ ಹಣದಲ್ಲಿ ಅವರಿಗೋ ಅವರ ಮಕ್ಕಳಿಗೋ ಪಾಲು ಕೊಡಿ. ಕಾಲಮಿತಿ ಎನ್ನುವುದು ಪ್ರತಿವಾದಿ ಎತ್ತಿಕೊಳ್ಳಬಹುದಾದ ರಕ್ಷಣೆ. ಎತ್ತಿಕೊಳ್ಳಲೇಬೇಕೆಂದು ಯಾವ ನ್ಯಾಯಾಲಯವೂ ಹೇಳುವುದಿಲ್ಲ.

ಈ ಕೆಲಸವನ್ನು 1956ರ ಆ ಹಾಡಿನಿಂದಲೇ ಶುರು ಮಾಡಿ. ಹಾಡು ಕಟ್ಟಿದವರ ಸಾಲಿನಲ್ಲಿ ಫ್ರ್ಯಾಂಕಿ ಲೈಮನ್ ಪಕ್ಕದಲ್ಲಿ ಹರ್ಮನ್ ಸ್ಯಾಂಟಿಯಾಗೊ, ಜಿಮ್ಮಿ ಮರ್ಚೆಂಟ್ ಎಂಬ ಎರಡು ಹೆಸರು ಬರೆಯಿರಿ. ಕೆಳಗೆ ‘1992ರ ಜ್ಯೂರಿ ತೀರ್ಮಾನ, ಕಾಲಮಿತಿಯ ಕಾರಣದಿಂದ 1996ರಲ್ಲಿ ರದ್ದು’ ಎಂದು ಒಂದು ಸಾಲು ಸೇರಿಸಿ. ಯಾವಾಗ ಮಾಡುತ್ತೀರಿ, ಮಾಡುವುದಿಲ್ಲವಾದರೆ ಯಾಕೆ, ಎರಡಕ್ಕೂ ಬಹಿರಂಗವಾಗಿಯೇ ಉತ್ತರ ಕೊಡಬೇಕೆಂದು ಕೋರುತ್ತೇವೆ.

ಇಂತಿ ತಮ್ಮ ವಿಶ್ವಾಸಿಗಳು,
ಹಳೆಯ ರೆಕಾರ್ಡ್‌ಗಳ ಕನ್ನಡದ ಸಂಗ್ರಾಹಕರು ಮತ್ತು ಕೇಳುಗರು